ಬಳೆಗಾರನ ಏಕಾಂತ

ಚಿಂತಾಮಣಿಯ ಸೀಮೆಯಲ್ಲಿ, ಅಂಬಾಜಿದುರ್ಗದ ಬೆಟ್ಟಕ್ಕೆ ಅನತಿದೂರದಲ್ಲಿ ಕೈವಾರವೆಂಬ ಊರಿದೆ. ಅಲ್ಲಿಯ ಯೋಗಿ ನಾರಾಯಣಪ್ಪನವರನ್ನು ಜನ ಇಂದಿಗೂ ತಾತಯ್ಯನೆಂದೇ ನೆನೆಯುತ್ತಾರೆ. ಪರಂಪರೆಯ ಲೆಕ್ಕದಂತೆ ಅವರು ಜನಿಸಿದ್ದು 1726ರಲ್ಲಿ, ಸಮಾಧಿಸ್ಥರಾದದ್ದು 1836ರಲ್ಲಿ.

ಅಷ್ಟರೊಳಗೆ ನಾಡು ಎಷ್ಟು ಪ್ರಭುತ್ವಗಳನ್ನು ಕಂಡಿತು! 1761ರಲ್ಲಿ ಮೈಸೂರಿನ ಅಧಿಕಾರ ಹೈದರಾಲಿಯ ಕೈಸೇರಿತು. 1791ರಲ್ಲಿ ನೆರೆಯ ನಂದಿದುರ್ಗ ಇಂಗ್ಲಿಷರ ವಶವಾಯಿತು. 1799ರಲ್ಲಿ ಟಿಪ್ಪು ಮಡಿದನು. 1831ರಲ್ಲಿ ಆಡಳಿತವೇ ಕಂಪನಿಯವರ ಪಾಲಾಯಿತು. ಲೋಕದ ಅಸ್ಥಿರತೆಯನ್ನು ಹೇಳುವ ಕಾಲಜ್ಞಾನವನ್ನು ಇಂಥ ಕಾಲದವರು ಹಾಡಿದ್ದರಲ್ಲಿ ನನಗೆ ಆಶ್ಚರ್ಯವಿಲ್ಲ.

ಕುಲವೃತ್ತಿ ಬಳೆಯ ವ್ಯಾಪಾರ. ಬಳೆಗಾರನೆಂದರೆ ಎಲ್ಲ ಮನೆಗಳ ಒಳಜಗುಲಿಗೂ ಸಲುವವನು. ಹೆಣ್ಣುಮಕ್ಕಳಿಗೆ ತವರಿನ ಸುದ್ದಿ ತರುವವನು. ಆದರೆ ಪರರ ಮನೆಗಳಲ್ಲಿ ಬೇಕಾದವರಾಗಿದ್ದ ನಾರಾಯಣಪ್ಪನವರು ತಮ್ಮ ಮನೆಯಲ್ಲಿ ಸಂಪಾದನೆಯರಿಯದವರೆನಿಸಿಕೊಂಡರು. ಪತ್ನಿ ಮುನಿಯಮ್ಮನವರ ನಿಷ್ಠುರವನ್ನು ಕಥೆಗಳು ಬಣ್ಣಿಸುತ್ತವೆ. ಮಕ್ಕಳ ಹೊಟ್ಟೆ ನೋಡಬೇಕಾದ ತಾಯಿಯ ಸಂಕಟವನ್ನು ಅವು ಅಷ್ಟಾಗಿ ಹೇಳುವುದಿಲ್ಲ. ಆ ಮನೆಯಲ್ಲಿ ಒಂಟಿಯಾದವರು ಇಬ್ಬರು ಎಂದೇ ನನ್ನ ಭಾವನೆ.

ಮನೆ ತೊರೆದವರಿಗೆ ಗುರುವೊಬ್ಬರು ಬೆಣಚುಕಲ್ಲೊಂದನ್ನಿತ್ತು, ಅದನ್ನು ಬಾಯಲ್ಲಿಟ್ಟು ಜಪಿಸಲು ವಿಧಿಸಿದರಂತೆ. ಬೆಟ್ಟದ ಗುಹೆಯಲ್ಲಿ ಅದು ಕಲ್ಲುಸಕ್ಕರೆಯಾಯಿತೆಂಬುದು ಐತಿಹ್ಯ. ಪವಾಡವನ್ನು ನಂಬುವುದೂ ಬಿಡುವುದೂ ವಾಚಕರಿಗೆ ಸೇರಿದ್ದು. ಬಳೆಗಾರನೂ ಅಲ್ಲದ, ಇನ್ನೂ ಯೋಗಿಯೂ ಆಗದ ಮನುಷ್ಯನೊಬ್ಬನ ಮೌನ ಆ ಕಲ್ಲಿನಲ್ಲಿದೆಯೆಂದು ನಾನು ತಿಳಿಯುತ್ತೇನೆ.

ಮೌನ ಒಡೆದು ಹೊಮ್ಮಿದ ಮಾತು ಒಂದೇ ಭಾಷೆಯದಾಗಿರಲಿಲ್ಲ. ಅಮರನಾರೇಯಣ ಶತಕ ತೆಲುಗಿನದು. ಕೀರ್ತನೆಗಳು ತೆಲುಗಿನಲ್ಲಿಯೂ ಇವೆ, ಕನ್ನಡದಲ್ಲಿಯೂ ಇವೆ. ಇದರಿಂದಲೇ ಎರಡು ಸಾಹಿತ್ಯಗಳ ಚರಿತ್ರಕಾರರಿಗೂ ಅವರನ್ನು ಎಲ್ಲಿ ಕೂರಿಸಬೇಕೆಂಬ ತೊಡಕು. ಅವರಿಗೆ ಮಾತ್ರ ಆ ತೊಡಕಿರಲಿಲ್ಲ. ಎರಡು ನುಡಿಗಳಿಗೂ ಸಲ್ಲುವಂತೆ ತಮ್ಮ ಊರಿನ ದೇವರಾದ ಅಮರನಾರಾಯಣನ ಹೆಸರನ್ನೇ ಅಂಕಿತ ಮಾಡಿಕೊಂಡರು.

ಈ ಸೀಮೆಯಿಂದ ನನ್ನ ತರಗತಿಗೆ ಬರುವ ಹುಡುಗರಲ್ಲಿ ಅನೇಕರದು ಮನೆಯಲ್ಲಿ ತೆಲುಗು, ಪುಸ್ತಕದಲ್ಲಿ ಕನ್ನಡ, ಉದ್ಯೋಗದ ಆಸೆಗೆ ಇಂಗ್ಲಿಷು. ತಾವು ಯಾವ ನುಡಿಯವರೆಂದು ಕೇಳಿದರೆ ತಲೆ ತಗ್ಗಿಸುತ್ತಾರೆ. ಅವರಿಗೆ ನಾನು ತಾತಯ್ಯನವರ ಕೀರ್ತನೆಗಳನ್ನು ಎರಡು ಭಾಷೆಗಳಲ್ಲಿಯೂ ಓದಿಸುತ್ತೇನೆ. ತೆಲುಗಿನ ಪದಗಳಿಗೆ ಅರ್ಥ ಹೇಳುವ ಕೆಲಸ ಆ ಹುಡುಗರದೇ.