ಹತ್ತಿ ಹೊಲದಿಂದ ಬಂದ ಹಾಡುಗಾರ: ಪಾಪ್ಸ್ ಸ್ಟೇಪಲ್ಸ್

ಹತ್ತಿ ಬಿಡಿಸುವ ಕಾಲ ಬಂದರೆ ನಮ್ಮ ತರಗತಿಯ ಬೆಂಚುಗಳು ಖಾಲಿಯಾಗುತ್ತಿದ್ದುದು ನನ್ನ ಜೊತೆ ಓದಿದವರಿಗೆ ನೆನಪಿರಬೇಕು. ಒಂಬತ್ತನೇ ತರಗತಿಯಲ್ಲಿ ನನ್ನ ಪಕ್ಕ ಕೂರುತ್ತಿದ್ದ ಗೆಳೆಯ ಹಾಗೆ ಹೊಲಕ್ಕೆ ಹೋದವನು ಮತ್ತೆ ಶಾಲೆಗೆ ಬರಲಿಲ್ಲ. ಮುಂದೆ ನಾನು ಬಿ.ಇ. ಮುಗಿಸಿ ಬೆಂಗಳೂರಿನಲ್ಲಿ ಸಾಫ್ಟ್‌ವೇರ್ ಕೆಲಸಕ್ಕೆ ಸೇರಿದೆ. ಒಂದು ರಾತ್ರಿ ಪಾಳಿಯಲ್ಲಿ ಅಲೆಅಲೆಯಾಗಿ ನಡುಗುವ ಗಿಟಾರಿನ ದನಿಯೊಂದು ಕಿವಿಗೆ ಬಿತ್ತು. ನುಡಿಸಿದವರು ಯಾರೆಂದು ಹುಡುಕಿ ಓದಿದರೆ, ಅವರೂ ಹತ್ತಿ ಬಿಡಿಸಿಯೇ ಬೆಳೆದವರು!

ರೋಬಕ್ ಸ್ಟೇಪಲ್ಸ್ ಹುಟ್ಟಿದ್ದು 1914ರ ಡಿಸೆಂಬರ್ 28ರಂದು, ಅಮೆರಿಕದ ಮಿಸಿಸಿಪಿ ರಾಜ್ಯದಲ್ಲಿ. ಹದಿನಾಲ್ಕು ಮಕ್ಕಳಲ್ಲಿ ಕೊನೆಯವರು. ಡಾಕರಿ ಎಂಬ ದೊಡ್ಡ ಹತ್ತಿ ಎಸ್ಟೇಟಿನಲ್ಲಿ ದುಡಿಯುತ್ತಿದ್ದ ಕಪ್ಪು ಜನರ ಮನೆಯ ಹುಡುಗ. ಓದು ಎಂಟನೇ ತರಗತಿಗೆ ನಿಂತಿತು. ಅಲ್ಲೇ ಇದ್ದ ಚಾರ್ಲಿ ಪ್ಯಾಟನ್ ಎಂಬ ಹಾಡುಗಾರರನ್ನು ಕೇಳುತ್ತ ಗಿಟಾರು ಕಲಿತರು. ಭಾನುವಾರ ಚರ್ಚಿನಲ್ಲಿ ಹಾಡಿದರು. 1936ರಲ್ಲಿ ಷಿಕಾಗೋಗೆ ಹೋಗಿ ಕಸಾಯಿಖಾನೆ, ಕಾರ್ಖಾನೆ ಎಂದು ಸಿಕ್ಕ ಕೂಲಿ ಮಾಡಿದರು.

ಅಲ್ಲಿ ಒಂದು ಗಾಸ್ಪೆಲ್ ತಂಡ ಸೇರಿದರು. ಗಾಸ್ಪೆಲ್ ಎಂದರೆ ಅಲ್ಲಿನ ಚರ್ಚುಗಳ ಭಕ್ತಿಗೀತೆ. ನಮ್ಮೂರ ಭಜನೆಯ ಹಾಗೆ ಒಬ್ಬರು ಹೇಳಿದ್ದನ್ನು ಉಳಿದವರು ಹಿಂದೆ ಹೇಳುವುದೂ ಉಂಟು. ತಂಡದವರು ತಾಲೀಮಿಗೆ ಸರಿಯಾಗಿ ಬರುತ್ತಿರಲಿಲ್ಲ. (ನಮ್ಮೂರ ಭಜನಾ ಮಂಡಳಿಯವರು ಮುನಿಸಿಕೊಳ್ಳಬಾರದು.) ಬೇಸತ್ತ ಸ್ಟೇಪಲ್ಸ್ ಹಳೆಯ ಗಿಟಾರೊಂದನ್ನು ಕೊಂಡು ತಂದು, ತಮ್ಮ ಮಕ್ಕಳನ್ನೇ ಮನೆಯ ನೆಲದ ಮೇಲೆ ಸುತ್ತ ಕೂರಿಸಿಕೊಂಡು ಒಬ್ಬೊಬ್ಬರಿಗೆ ಒಂದೊಂದು ಸ್ವರ ಹೇಳಿಕೊಟ್ಟರು. 1948ರಲ್ಲಿ ಬಂಧುವೊಬ್ಬರ ಚರ್ಚಿನಲ್ಲಿ ಕ್ಲಿಯೋಥಾ, ಪರ್ವಿಸ್, ಮೇವಿಸ್ ಅಪ್ಪನ ಜೊತೆ ಹಾಡಿದರು. ಇವಾನ್ ಆಮೇಲೆ ಸೇರಿದರು. ಮಕ್ಕಳಿಗೆ ಅವರು ಪಾಪ್ಸ್, ಅಂದರೆ ಅಪ್ಪ. ಲೋಕಕ್ಕೂ ಅದೇ ಹೆಸರಾಯಿತು.

1956ರಲ್ಲಿ ಅವರ ಒಂದು ಹಾಡಿನ ರೆಕಾರ್ಡು ಚೆನ್ನಾಗಿ ಮಾರಾಟವಾಯಿತು. ಊರೂರಿಂದ ಕರೆ ಬಂದವು. ಆದರೆ ತಂಡದ ಮುಖ್ಯ ದನಿಯಾಗಿದ್ದ ಮೇವಿಸ್ ಇನ್ನೂ ಹೈಸ್ಕೂಲಿನಲ್ಲಿದ್ದಳು. ಆಕೆ 1957ರಲ್ಲಿ ಓದು ಮುಗಿಸಿದ ಮೇಲೆಯೇ ಪಾಪ್ಸ್ ತಂಡವನ್ನು ಪೂರ್ಣಾವಧಿ ತಿರುಗಾಟಕ್ಕೆ ಹೊರಡಿಸಿದರು. ತಮಗೆ ಎಂಟನೇ ತರಗತಿ ದಾಟಲಾಗಿರಲಿಲ್ಲ. ಈ ಒಂದು ಸಂಗತಿಗಾಗಿಯೇ ನಾನು ಅವರ ಬಗ್ಗೆ ನಮ್ಮ ಶಾಲೆಯ ಸಂಚಿಕೆಗೆ ಬರೆಯುತ್ತಿದ್ದೇನೆ.

ಅದೇ 1957ರಲ್ಲಿ ಲಿಟ್ಲ್ ರಾಕ್ ಎಂಬ ಊರಿನಲ್ಲಿ ಒಂಬತ್ತು ಕಪ್ಪು ಮಕ್ಕಳನ್ನು ಹೈಸ್ಕೂಲಿನ ಬಾಗಿಲಲ್ಲೇ ತಡೆದರು. ಕೊನೆಗೆ ಸೈನಿಕರ ಕಾವಲಿನಲ್ಲಿ ಅವರು ಒಳಗೆ ಹೋಗಬೇಕಾಯಿತು. ಆ ಮಕ್ಕಳ ನೋವನ್ನು ಪಾಪ್ಸ್ ಮುಂದೆ ಹಾಡಾಗಿಸಿದರು. ಮಾರ್ಟಿನ್ ಲೂಥರ್ ಕಿಂಗ್ ಅವರಿಗೆ ಅದು ಬಹಳ ಮೆಚ್ಚು. ಕಿಂಗ್ ಅವರ ಉಪದೇಶವನ್ನು ಕೇಳಿದ ಮೇಲೆ, ಅವರು ಸಾರುವುದನ್ನು ನಾವು ಹಾಡಬಲ್ಲೆವು ಎಂದು ಪಾಪ್ಸ್ ಮಕ್ಕಳಿಗೆ ಹೇಳಿದ್ದರಂತೆ. 1965ರ ಸೆಲ್ಮಾ ಪಾದಯಾತ್ರೆಯ ಮೇಲೂ ಒಂದು ಹಾಡು ಕಟ್ಟಿದರು.

1972ರಲ್ಲಿ ತಂಡದ ಹಾಡೊಂದು ಅಮೆರಿಕದ ಜನಪ್ರಿಯ ಗೀತೆಗಳ ಪಟ್ಟಿಯಲ್ಲಿ ಮೊದಲನೆಯದಾಯಿತು. ಚರ್ಚಿನ ಕೆಲವರಿಗೆ ಇದು ಹಿಡಿಸಲಿಲ್ಲ. ಎಂಬತ್ತು ದಾಟಿದ ಮೇಲೆ ಪಾಪ್ಸ್‌ಗೆ ಗ್ರ್ಯಾಮಿ ಪ್ರಶಸ್ತಿಯೂ ಬಂತು.

2000ದ ಡಿಸೆಂಬರ್ 19ರಂದು ತೀರಿಕೊಂಡರು. ಕೊನೆಯ ದಿನಗಳಲ್ಲಿ ಹಾಡಿಟ್ಟಿದ್ದ ಕೆಲವು ಹಾಡುಗಳನ್ನು ಕಳೆಯಬೇಡವೆಂದು ಮೇವಿಸ್‌ಗೆ ಹೇಳಿದ್ದರು. ಆಕೆ ಕಳೆಯಲಿಲ್ಲ. 2015ರಲ್ಲಿ ಅವು ಹೊರಬಂದವು.