ಸ್ಯಾಮ್ಯುಯೆಲ್ ಜಾನ್ಸನ್

ಸ್ಯಾಮ್ಯುಯೆಲ್ ಜಾನ್ಸನ್ (೧೮ ಸೆಪ್ಟೆಂಬರ್ ೧೭೦೯ – ೧೩ ಡಿಸೆಂಬರ್ ೧೭೮೪) ಇಂಗ್ಲೆಂಡಿನ ನಿಘಂಟುಕಾರ, ಕವಿ, ಪ್ರಬಂಧಕಾರ ಹಾಗೂ ವಿಮರ್ಶಕ. ಡಾ. ಜಾನ್ಸನ್ ಎಂದೇ ಪ್ರಸಿದ್ಧ. ೧೭೫೫ರಲ್ಲಿ ಈತ ಹೊರತಂದ ಇಂಗ್ಲಿಷ್ ನಿಘಂಟು, ಆಕ್ಸ್‌ಫರ್ಡ್ ನಿಘಂಟು ಸಿದ್ಧವಾಗುವವರೆಗೆ ಆ ಭಾಷೆಯ ಪ್ರಮುಖ ಆಧಾರಗ್ರಂಥವಾಗಿತ್ತು. ಬಳಕೆಯಿಂದ ಮರೆಯಾದ ಅನೇಕ ವಿಲಕ್ಷಣ ಪದಗಳು ಅದರಲ್ಲಿ ಉಳಿದುಕೊಂಡಿವೆ.

ಆರಂಭಿಕ ಜೀವನ

ಜಾನ್ಸನ್ ಜನಿಸಿದ್ದು ಲಿಚ್‌ಫೀಲ್ಡಿನಲ್ಲಿ. ತಂದೆ ಮೈಕೇಲ್ ಪುಸ್ತಕ ವ್ಯಾಪಾರಿ. ಶೈಶವದಲ್ಲಿ ತಗುಲಿದ ಗಂಡಮಾಲೆ ರೋಗದಿಂದ ದೃಷ್ಟಿ ಮಂದವಾದರೂ ಈತ ತಂದೆಯ ಅಂಗಡಿಯ ಪುಸ್ತಕಗಳನ್ನು ಓದಿಯೇ ಬೆಳೆದ. ೧೭೨೮ರಲ್ಲಿ ಆಕ್ಸ್‌ಫರ್ಡಿನ ಪೆಂಬ್ರೋಕ್ ಕಾಲೇಜನ್ನು ಸೇರಿ, ಹಣವಿಲ್ಲದೆ ಸುಮಾರು ೧೩ ತಿಂಗಳಲ್ಲೇ ಪದವಿ ಪಡೆಯದೆ ಹಿಂದಿರುಗಿದ. ೧೭೩೫ರಲ್ಲಿ ತನಗಿಂತ ೨೦ ವರ್ಷ ಹಿರಿಯಳಾದ ವಿಧವೆ ಎಲಿಜಬೆತ್ ಪೋರ್ಟರಳನ್ನು ವಿವಾಹವಾದ. ತೆರೆದ ಶಾಲೆ ನಡೆಯಲಿಲ್ಲ. ೧೭೩೭ರಲ್ಲಿ, ಮುಂದೆ ಪ್ರಖ್ಯಾತ ನಟನಾದ ಶಿಷ್ಯ ಡೇವಿಡ್ ಗ್ಯಾರಿಕ್‌ನೊಡನೆ ಲಂಡನ್ನಿಗೆ ಹೋಗಿ ಪತ್ರಿಕೆಗಳಿಗೆ ಬರೆಯುತ್ತ ಜೀವನ ಸಾಗಿಸಿದ.

ನಿಘಂಟಿನ ರಚನೆ

೧೭೪೬ರಲ್ಲಿ ಲಂಡನ್ನಿನ ಪುಸ್ತಕ ವ್ಯಾಪಾರಿಗಳ ಕೂಟವೊಂದು ೧,೫೦೦ ಗಿನಿಗಳಿಗೆ ನಿಘಂಟಿನ ಕಾರ್ಯವನ್ನು ವಹಿಸಿತು. ಮೂರು ವರ್ಷದಲ್ಲಿ ಮುಗಿಸುವ ನಿರೀಕ್ಷೆಯಿದ್ದ ಕೆಲಸ ಸುಮಾರು ಒಂಬತ್ತು ವರ್ಷ ಹಿಡಿಯಿತು. ಗಫ್ ಸ್ಕ್ವೇರಿನ ಮನೆಯ ಅಟ್ಟದಲ್ಲಿ ಆರು ಮಂದಿ ಸಹಾಯಕರು ದುಡಿದರು. ಜಾನ್ಸನ್ ಗ್ರಂಥಗಳನ್ನು ಓದಿ ಗುರುತು ಹಾಕಿದ ವಾಕ್ಯಗಳನ್ನು ಅವರು ಚೀಟಿಗಳಿಗೆ ಇಳಿಸುತ್ತಿದ್ದರು. ೧೭೫೨ರಲ್ಲಿ ಪತ್ನಿ ತೀರಿಕೊಂಡಳು. ಪೋಷಕನಾಗಬೇಕಿದ್ದ ಲಾರ್ಡ್ ಚೆಸ್ಟರ್‌ಫೀಲ್ಡ್ ವರ್ಷಗಟ್ಟಲೆ ಉದಾಸೀನನಾಗಿದ್ದು, ಗ್ರಂಥ ಮುಗಿಯುವ ಹೊತ್ತಿಗೆ ಹೊಗಳಿ ಬರೆದಾಗ, ಜಾನ್ಸನ್ ಆ ಕೃಪೆಯನ್ನು ಪತ್ರಮುಖೇನ ನಿರಾಕರಿಸಿದ. ೪೨,೭೭೩ ಪದಗಳ ನಿಘಂಟು ೧೭೫೫ರ ಏಪ್ರಿಲ್ ೧೫ರಂದು ಎರಡು ಸಂಪುಟಗಳಲ್ಲಿ ಪ್ರಕಟವಾಯಿತು.

ಅಪರೂಪದ ಪದಗಳು

ಪಂಡಿತರ ಲ್ಯಾಟಿನ್ ಮೂಲದ ಪದಗಳೂ ಬೀದಿಯ ಬೈಗುಳಗಳೂ ಇಲ್ಲಿ ಒಟ್ಟಿಗೆ ಸೇರಿವೆ. ಚುಂಬನಕ್ಕೆ ಡಿಯಾಸ್ಕ್ಯುಲೇಷನ್ ಎಂಬ ಪಾಂಡಿತ್ಯದ ಪದವಿದ್ದರೆ, ಸ್ಮೆಲ್‌ಫೀಸ್ಟ್ ಎಂದರೆ ಒಳ್ಳೆಯ ಊಟವಿರುವ ಮನೆಗಳನ್ನೇ ಸುತ್ತುವ ಪರಾನ್ನಭೋಜಿ. ಬೆಡ್‌ಪ್ರೆಸರ್ ಎಂದರೆ ಮೈಭಾರದ ಸೋಮಾರಿ. ಫಾಪ್‌ಡೂಡಲ್ ಎಂದರೆ ಕೆಲಸಕ್ಕೆ ಬಾರದ ಮೂರ್ಖ. ಮೌತ್‌ಫ್ರೆಂಡ್ ಎಂದರೆ ಬಾಯಿಮಾತಿನ ಗೆಳೆಯ. ಹಳೆಯ ನಿಘಂಟುಗಳಲ್ಲಿ ಮಾತ್ರ ದೊರೆತ ಕೆಲವು ಪದಗಳನ್ನೂ ಆ ಸೂಚನೆಯೊಡನೆ ಉಳಿಸಿಕೊಂಡ. ದೋಷಗಳೂ ಇದ್ದವು. ಕುದುರೆಯ ಗೊರಸಿನ ಮೇಲ್ಭಾಗವಾದ ಪಾಸ್ಟರ್ನ್ ಎಂಬುದಕ್ಕೆ ಮೊಣಕಾಲು ಎಂದು ಅರ್ಥ ಬರೆದದ್ದೇಕೆಂದು ಮಹಿಳೆಯೊಬ್ಬಳು ಕೇಳಿದಾಗ, ಕೇವಲ ಅಜ್ಞಾನದಿಂದ ಎಂದು ಒಪ್ಪಿಕೊಂಡ.

ಉತ್ತರ ಜೀವನ

ನಿಘಂಟು ಕೀರ್ತಿ ತಂದರೂ ಬಡತನ ನೀಗಲಿಲ್ಲ. ೧೭೫೬ರಲ್ಲಿ ಆರು ಪೌಂಡಿಗೂ ಕಡಿಮೆ ಸಾಲಕ್ಕಾಗಿ ಬಂಧನಕ್ಕೊಳಗಾದಾಗ ಕಾದಂಬರಿಕಾರ ರಿಚರ್ಡ್‌ಸನ್ ಹಣ ಕೊಟ್ಟು ಬಿಡಿಸಿದ. ಪಿಂಚಣಿ ಎಂದರೆ ದೇಶದ್ರೋಹಕ್ಕಾಗಿ ಸರ್ಕಾರದ ಬಾಡಿಗೆ ಬಂಟನಿಗೆ ಸಲ್ಲುವ ಸಂಬಳ ಎಂಬ ಅರ್ಥವನ್ನು ನಿಘಂಟಿನಲ್ಲಿ ಬರೆದಿದ್ದ ಜಾನ್ಸನ್‌ಗೆ ೧೭೬೨ರಲ್ಲಿ ದೊರೆ ಮೂರನೆಯ ಜಾರ್ಜ್ ವಾರ್ಷಿಕ ೩೦೦ ಪೌಂಡುಗಳ ಪಿಂಚಣಿ ನೀಡಿದ. ಮಿತ್ರರೊಡನೆ ಸಮಾಲೋಚಿಸಿ ಆತ ಅದನ್ನು ಸ್ವೀಕರಿಸಿದ. ವಿರೋಧಿಗಳು ಅವನ ಅರ್ಥವಿವರಣೆಯನ್ನೇ ಮುಂದೊಡ್ಡಿ ಹಂಗಿಸಿದರು. ಆದರೂ ಅದನ್ನು ನಿಘಂಟಿನಿಂದ ತೆಗೆಯಲಿಲ್ಲ.

ಮುಂದೆ ಷೇಕ್ಸ್‌ಪಿಯರ್ ನಾಟಕಗಳ ಸಂಪಾದನೆ (೧೭೬೫) ಹಾಗೂ ಇಂಗ್ಲಿಷ್ ಕವಿಗಳ ಚರಿತ್ರೆಗಳನ್ನು ಹೊರತಂದ. ಜಮೈಕಾದಲ್ಲಿ ಗುಲಾಮನಾಗಿ ಹುಟ್ಟಿ, ಜಾನ್ಸನ್ ಮನೆಯಲ್ಲಿ ಸೇವಕನಾಗಿದ್ದ ಫ್ರಾನ್ಸಿಸ್ ಬಾರ್ಬರ್‌ಗೆ ತನ್ನ ಆಸ್ತಿಯ ಬಹುಭಾಗವನ್ನು ಬರೆದಿಟ್ಟ. ಸಮಾಧಿ ವೆಸ್ಟ್‌ಮಿನ್‌ಸ್ಟರ್ ಅಬೆಯಲ್ಲಿದೆ. ಮಿತ್ರ ಜೇಮ್ಸ್ ಬಾಸ್ವೆಲ್ ಬರೆದ ಈತನ ಜೀವನಚರಿತ್ರೆ ೧೭೯೧ರಲ್ಲಿ ಪ್ರಕಟವಾಯಿತು.