ಶ್ರೀರಂಗಪಟ್ಟಣದಲ್ಲಿದ್ದ ವೆಲಿಂಗ್ಟನ್ ಪ್ರಭು

ವಾಟರ್ಲೂ ಯುದ್ಧದಲ್ಲಿ ನೆಪೋಲಿಯನ್ನನನ್ನು ಜಯಿಸಿದ ವೆಲಿಂಗ್ಟನ್ ಪ್ರಭುವಿನ ಹೆಸರನ್ನು ಚರಿತ್ರೆಯ ಪಾಠದಲ್ಲಿ ಕೇಳದ ವಿದ್ಯಾರ್ಥಿನಿಯರು ಕಡಿಮೆ. ಆದರೆ ಆತನು ಸೇನಾಪತಿಯ ವಿದ್ಯೆಯನ್ನು ಬಹುಮಟ್ಟಿಗೆ ಕನ್ನಡನಾಡಿನಲ್ಲಿಯೇ ಕಲಿತನೆಂಬುದನ್ನೂ, ಯೌವನದಲ್ಲಿ ಕ್ರಿಕೆಟ್ ಆಡಿದ್ದನೆಂಬುದನ್ನೂ ಬಲ್ಲವರು ವಿರಳ. ಆತನು ಪಾಲುಗೊಂಡ ದಂಡಯಾತ್ರೆಯ ಫಲವಾಗಿಯೇ 1799ನೆಯ ಇಸವಿಯಲ್ಲಿ ಕೆನರಾ ಸೀಮೆಯು, ಅದರೊಡನೆ ನಮ್ಮ ಉಡುಪಿ, ಬನ್ನಂಜೆ, ಕಾಪು, ಕಾರ್ಕಳಗಳೂ, ಟೀಪೂ ಸುಲ್ತಾನನ ಆಳಿಕೆಯಿಂದ ಈಸ್ಟ್ ಇಂಡಿಯಾ ಕಂಪೆನಿಯ ಆಳಿಕೆಗೆ ದಾಟಿದವು. ಆದುದರಿಂದ ಆತನ ಚರಿತ್ರೆಯು ನಮಗೆ ಕೇವಲ ಪರದೇಶದ ಕತೆಯಲ್ಲ.

ಆರ್ಥರ್ ವೆಲ್ಲೆಸ್ಲಿಯು 1769ರಲ್ಲಿ ಐರ್ಲೆಂಡಿನ ಒಂದು ಪ್ರಭುಮನೆತನದಲ್ಲಿ ಹುಟ್ಟಿದನು. ತಂದೆಯು ಸಂಗೀತದಲ್ಲಿ ಹೆಸರು ಪಡೆದವನು. ಮಗನೂ ಪಿಟೀಲು ಬಾರಿಸುತ್ತಿದ್ದನು. ಹುಡುಗನಿಗೆ ಹನ್ನೆರಡು ವರ್ಷವಾಗಿದ್ದಾಗ ತಂದೆಯು ತೀರಿಕೊಂಡನು. ಈಟನ್ ಶಾಲೆಯಲ್ಲಿ ಆತನು ಒಂಟಿಯಾಗಿಯೇ ಇದ್ದನು. ವಿದ್ಯೆಯಲ್ಲಾಗಲಿ ಆಟದಲ್ಲಾಗಲಿ ಮುಂದೆ ಬರಲಿಲ್ಲ. ವಾಟರ್ಲೂವಿನ ಜಯಕ್ಕೆ ಆ ಶಾಲೆಯ ಆಟದ ಬಯಲೇ ಕಾರಣವೆಂದು ಆತನು ನುಡಿದನೆಂಬ ಪ್ರಸಿದ್ಧವಾದ ಮಾತು ಆತನ ಮರಣಾನಂತರ ಹಬ್ಬಿದುದೇ ಹೊರತು ಆತನದೆನ್ನಲು ಆಧಾರವಿಲ್ಲ. ಮನೆಯಲ್ಲಿ ಹಣದ ಅಡಚಣೆಯಿದ್ದುದರಿಂದ ಶಾಲೆಯನ್ನು ಬೇಗನೆ ಬಿಡಿಸಲಾಯಿತು. 1787ರಲ್ಲಿ ಆತನು ಸೈನ್ಯವನ್ನು ಸೇರಿದನು.

1792ನೆಯ ಆಗಸ್ಟ್ ತಿಂಗಳಲ್ಲಿ ಡಬ್ಲಿನ್ ನಗರದ ಫೀನಿಕ್ಸ್ ಉದ್ಯಾನದಲ್ಲಿ ಒಂದು ಕ್ರಿಕೆಟ್ ಪಂದ್ಯವು ನಡೆಯಿತು. ಐರ್ಲೆಂಡಿನಲ್ಲಿ ನಡೆದುದಾಗಿ ದಾಖಲೆಯುಳ್ಳ ಪಂದ್ಯಗಳಲ್ಲಿ ಇದೇ ಮೊದಲನೆಯದು. ಒಂದು ಕಡೆ ಡಬ್ಲಿನ್ ಠಾಣ್ಯದ ಸೇನಾಧಿಕಾರಿಗಳು, ಅವರ ನಾಯಕನು ಕರ್ನಲ್ ಚಾರ್ಲ್ಸ್ ಲೆನಕ್ಸ್. ಇನ್ನೊಂದು ಕಡೆ ಐರ್ಲೆಂಡಿನ ಮಹನೀಯರು. ಇಪ್ಪತ್ತಮೂರು ವರ್ಷದ ವೆಲ್ಲೆಸ್ಲಿಯು ಐರ್ಲೆಂಡಿನ ಪಕ್ಷದಲ್ಲಿ ಆಡಿ ಮೊದಲ ಸರದಿಯಲ್ಲಿ 5 ಓಟಗಳನ್ನೂ ಎರಡನೆಯದರಲ್ಲಿ 1 ಓಟವನ್ನೂ ಗಳಿಸಿದನು. ಆತನ ಪಕ್ಷವು ಒಂದು ಸರದಿ ಮತ್ತು 94 ಓಟಗಳಿಂದ ಸೋತುಹೋಯಿತು. ಆ ದಿನ ಆತನನ್ನು ನೋಡಿದವರಾರೂ ಈತನು ಮುಂದೆ ಮಹಾಪುರುಷನಾಗುವನೆಂದು ಎಣಿಸಿರಲಾರರು. ಅದೇ ಕಾಲದಲ್ಲಿ ಆತನು ಕ್ಯಾಥರೀನ್ ಪಾಕೆನ್‌ಹ್ಯಾಮ್ ಎಂಬ ಕನ್ಯೆಯನ್ನು ಬಯಸಿ ಕೇಳಲು, ಆಕೆಯ ಮನೆಯವರು ಈತನ ಬಡತನವನ್ನು ನೋಡಿ ಒಪ್ಪಲಿಲ್ಲ. ಆತನು ತನ್ನ ಪಿಟೀಲುಗಳನ್ನು ಸುಟ್ಟುಹಾಕಿ, ಆ ಬಳಿಕ ಮನಸ್ಸನ್ನೆಲ್ಲ ಸೈನಿಕವೃತ್ತಿಯಲ್ಲಿಯೇ ನೆಲೆಗೊಳಿಸಿದನು.

1797ರಲ್ಲಿ ಆತನು ತನ್ನ 33ನೆಯ ರೆಜಿಮೆಂಟಿನೊಡನೆ ಕಲ್ಕತ್ತೆಗೆ ಬಂದನು. ಮರುವರ್ಷ ಆತನ ಅಣ್ಣನಾದ ರಿಚರ್ಡನು ಗವರ್ನರ್ ಜನರಲನಾಗಿ ಬಂದು ಟೀಪೂವಿನ ಮೇಲೆ ಯುದ್ಧಕ್ಕೆ ಸಿದ್ಧನಾದನು. 1799ನೆಯ ಎಪ್ರಿಲ್ 5ರ ರಾತ್ರಿ ಶ್ರೀರಂಗಪಟ್ಟಣದ ಹೊರಗಿನ ಸುಲ್ತಾನಪೇಟೆಯ ತೋಪನ್ನು ಹಿಡಿಯುವ ಕೆಲಸವು ವೆಲ್ಲೆಸ್ಲಿಯ ಪಾಲಿಗೆ ಬಂತು. ಕಗ್ಗತ್ತಲೆ, ಒಳಗೆ ಬಿದಿರುಮೆಳೆ, ನೀರಿನ ಕಾಲುವೆಗಳು, ಸ್ಥಳವನ್ನು ಮುಂದಾಗಿ ನೋಡಿದವರಿಲ್ಲ. ಟೀಪೂವಿನ ಸೈನಿಕರು ಗುಂಡುಗಳನ್ನೂ ಅಗ್ನಿಬಾಣಗಳನ್ನೂ ಸುರಿಸಲು ದಂಡು ಚದರಿಹೋಯಿತು. ವೆಲ್ಲೆಸ್ಲಿಯ ಮೊಣಕಾಲಿಗೂ ಪೆಟ್ಟು ತಗಲಿತು. ಆತನು ಹಿಂದಿರುಗಿ ಸೇನಾಪತಿಯಾದ ಹ್ಯಾರಿಸನಿಗೆ ತನ್ನ ಸೋಲನ್ನು ತಾನೇ ತಿಳಿಸಬೇಕಾಯಿತು. ಮರುದಿನ ಹಗಲಿನಲ್ಲಿ ಹೆಚ್ಚಿನ ಬಲದೊಂದಿಗೆ ಹೋಗಿ ಅದೇ ತೋಪನ್ನು ವಶಪಡಿಸಿಕೊಂಡನು. ಹಗಲಿನಲ್ಲಿ ಪರೀಕ್ಷಿಸದ ಸ್ಥಳಕ್ಕೆ ರಾತ್ರಿಯಲ್ಲಿ ದಂಡನ್ನು ಕಳುಹಿಸಬಾರದೆಂಬ ಪಾಠವನ್ನು ಆತನು ಕಡೆಯವರೆಗೂ ಮರೆಯಲಿಲ್ಲ. ಸೋಲು ಯಾರಿಗೂ ತಪ್ಪದು. ಸೋಲಿನ ಮರುದಿನ ಏನು ಮಾಡುವೆವೆಂಬುದೇ ಮನುಷ್ಯರನ್ನು ಬೇರೆ ಬೇರೆ ಮಾಡುತ್ತದೆ.

ಗೆಲುವಿಗೂ ಒಂದು ಮರುದಿನವುಂಟು, ಅದು ಇನ್ನೂ ಕಠಿನವಾದ ಪರೀಕ್ಷೆ. ಮೇ 4ರಂದು ಕೋಟೆಯು ಬಿದ್ದು ಟೀಪೂ ಸುಲ್ತಾನನು ಹೋರಾಡುತ್ತಲೇ ಮಡಿದನು. ಆ ರಾತ್ರಿ ಗೆದ್ದ ಸೈನ್ಯವು ಪಟ್ಟಣವನ್ನು ಸುಲಿಯಿತು. ಕೋಟೆಗೆ ಲಗ್ಗೆಹತ್ತಿದ ಬೇರ್ಡನನ್ನು ಬಿಟ್ಟು ವೆಲ್ಲೆಸ್ಲಿಗೆ ಪಟ್ಟಣದ ಅಧಿಕಾರವು ದೊರೆಯಿತು. ಗವರ್ನರ್ ಜನರಲನ ತಮ್ಮನೆಂಬ ಕಾರಣದಿಂದ ಹೀಗಾಯಿತೆಂದು ಬೇರ್ಡನು ಬಹುಕಾಲ ನೊಂದುಕೊಂಡನು. ಅದು ಹೇಗಾದರೂ ಇರಲಿ, ವೆಲ್ಲೆಸ್ಲಿಯು ಸುಲಿಗೆ ಮಾಡುತ್ತಿದ್ದ ತನ್ನ ಕಡೆಯವರಲ್ಲಿಯೇ ಕೆಲವರನ್ನು ಗಲ್ಲಿಗೇರಿಸಿ, ಹಲವರಿಗೆ ಛಡಿಯೇಟು ಹೊಡೆಸಿ, ಕೆಲವೇ ದಿನಗಳಲ್ಲಿ ಜನರು ಮನೆಗಳಿಗೆ ಹಿಂದಿರುಗಿ ಅಂಗಡಿ ತೆರೆಯುವಂತೆ ಮಾಡಿದನು. ಬಾಲಕರಾದ ಮುಮ್ಮಡಿ ಕೃಷ್ಣರಾಜ ಒಡೆಯರಿಗೆ ಜೂನ್ 30ರಂದು ಪಟ್ಟವಾಯಿತು. ಮೈಸೂರಿನ ವ್ಯವಸ್ಥೆಗಾಗಿ ನೇಮಕವಾದ ಆಯೋಗದಲ್ಲಿ ವೆಲ್ಲೆಸ್ಲಿಯು ಸದಸ್ಯನಾಗಿದ್ದನು. ಅದರ ಕಾರ್ಯದರ್ಶಿಗಳಲ್ಲೊಬ್ಬನಾದ ಥಾಮಸ್ ಮನ್ರೋ ಅದೇ ವರ್ಷ ಕೆನರಾದ ಕಲೆಕ್ಟರನಾಗಿ ನಮ್ಮ ಕರಾವಳಿಗೆ ಬಂದನು. ಇವರಿಬ್ಬರಿಗೂ ಸ್ನೇಹದ ಪತ್ರವ್ಯವಹಾರವಿತ್ತು.

ಕೋಟೆಯು ಬಿದ್ದ ದಿನವೇ ಸೆರೆಯಿಂದ ತಪ್ಪಿಸಿಕೊಂಡ ಚನ್ನಗಿರಿಯ ಧೋಂಡಿಯಾ ವಾಘನು ಸಾವಿರಾರು ಸವಾರರನ್ನು ಕೂಡಿಸಿ ಉಭಯ ಲೋಕಗಳ ಒಡೆಯನೆಂಬ ಬಿರುದನ್ನು ಧರಿಸಿದನು. ವೆಲ್ಲೆಸ್ಲಿಯು 1800ರಲ್ಲಿ ಹರಿಹರದ ಬಳಿ ತುಂಗಭದ್ರೆಯನ್ನು ದಾಟಿ, ರಾಣೆಬೆನ್ನೂರು, ಡಂಬಳಗಳನ್ನು ಹಿಡಿದು, ಅವನನ್ನು ತಿಂಗಳುಗಟ್ಟಲೆ ಬೆನ್ನಟ್ಟಿದನು. ಈ ಯಾತ್ರೆಯಲ್ಲಿ ಆತನು ಅರಿತುಕೊಂಡ ಮುಖ್ಯ ಸಂಗತಿಯೇನೆಂದರೆ, ಯುದ್ಧವು ಕತ್ತಿಗಿಂತ ಹೆಚ್ಚಾಗಿ ಅಕ್ಕಿ ಮತ್ತು ಎತ್ತುಗಳ ಮೇಲೆ ನಿಂತಿದೆಯೆಂಬುದು. ಮೈಸೂರಿನ ಅಮೃತಮಹಲ್ ಎತ್ತುಗಳ ವೇಗವನ್ನೂ ತಾಳ್ಮೆಯನ್ನೂ ಕಂಡಿದ್ದ ಆತನು, ಮುಂದೆ ಸ್ಪೇನ್ ದೇಶದ ಯುದ್ಧದಲ್ಲಿ ಅಂಥವು ತನಗಿಲ್ಲವಲ್ಲಾ ಎಂದು ಮರುಗಿದನಂತೆ. ಸಪ್ಟೆಂಬರ್ 10ರಂದು ಕೋನಗಲ್ ಎಂಬಲ್ಲಿ ನಾಲ್ಕು ಕುದುರೆದಂಡುಗಳನ್ನು ಒಂದೇ ಸಾಲಾಗಿ ನಿಲ್ಲಿಸಿ, ತಾನೇ ಮುಂದಾಗಿ ನುಗ್ಗಿದನು. ಧೋಂಡಿಯಾ ಮಡಿದನು.

ಹಗೆಯ ಸಾಮಾನು ಸರಂಜಾಮುಗಳ ನಡುವೆ ಸಲಾಬತ್ ಖಾನನೆಂಬ ಸುಮಾರು ನಾಲ್ಕು ವರ್ಷದ ಬಾಲಕನು ಸಿಕ್ಕಿದನು. ಅವನು ಧೋಂಡಿಯಾನ ಮಗ. ಸಿಪಾಯಿಗಳು ಅವನನ್ನು ವೆಲ್ಲೆಸ್ಲಿಯ ಡೇರೆಗೆ ಕರೆತಂದರು. ಆತನು ಶತ್ರುವಿನ ಮಗುವನ್ನು ತನ್ನ ಆಶ್ರಯದಲ್ಲಿಟ್ಟು ಸಾಕಿಸಿದನು. ದೇಶವನ್ನು ಬಿಟ್ಟುಹೋಗುವಾಗ ಅವನ ಪೋಷಣೆಗೆ ನೂರಾರು ಪೌಂಡುಗಳನ್ನು ಶ್ರೀರಂಗಪಟ್ಟಣದಲ್ಲಿ ಇರಿಸಿದನು. ಆ ಹುಡುಗನು ಬೆಳೆದು ಸುಂದರನೂ ಬುದ್ಧಿವಂತನೂ ಆಗಿ ಮೈಸೂರು ಮಹಾರಾಜರ ಸೇವೆಗೆ ಸೇರಿ, 1822ರಲ್ಲಿ ವಾಂತಿಭೇದಿಯ ರೋಗದಿಂದ ತೀರಿಕೊಂಡನು.

ಇಷ್ಟನ್ನೇ ಹೇಳಿ ಮುಗಿಸಿದರೆ ಚರಿತ್ರೆಗೆ ಅನ್ಯಾಯವಾದೀತು. ಘಟ್ಟದ ಅಂಚಿನ ಬಲಂ ಸೀಮೆಯ ಕೃಷ್ಣಪ್ಪ ನಾಯಕನು ಕಂಪೆನಿಗೆ ಮಣಿಯದೆ, ಘಟ್ಟದ ಕೆಳಗಣ ನಮ್ಮ ಸೀಮೆಗೆ ಇಳಿಯುವ ದಾರಿಗಳನ್ನು ತಡೆದಿದ್ದನು. ವೆಲ್ಲೆಸ್ಲಿಯು 1802ನೆಯ ಜನವರಿ 16ರಂದು ಅರಕೆರೆಯ ಕಾಡುಕೋಟೆಯನ್ನು ಹಿಡಿದು, ಮುಂದಿನ ತಿಂಗಳಲ್ಲಿ ಸೆರೆಸಿಕ್ಕ ನಾಯಕನನ್ನು ಗಲ್ಲಿಗೇರಿಸಿದನು. ಮಗುವಿಗೆ ದಯೆ ತೋರಿದ ಕೈಯೇ ತನ್ನ ನೆಲಕ್ಕಾಗಿ ಕಾದಾಡಿದವನಿಗೆ ದಯೆ ತೋರಲಿಲ್ಲ. ಈ ಎರಡನ್ನೂ ಒಟ್ಟಿಗೆ ನೆನೆಯುವುದೇ ನ್ಯಾಯ.

1803ನೆಯ ಸಪ್ಟೆಂಬರ್ 23ರಂದು ಅಸ್ಸಾಯೆಯಲ್ಲಿ ಮರಾಠರನ್ನು ಗೆದ್ದು, 1805ರಲ್ಲಿ ಆತನು ಸ್ವದೇಶಕ್ಕೆ ಹೊರಟನು. ದಾರಿಯಲ್ಲಿ ಹಡಗು ಸೇಂಟ್ ಹೆಲೀನಾ ದ್ವೀಪದಲ್ಲಿ ತಂಗಿತು. ಹತ್ತು ವರ್ಷಗಳ ಬಳಿಕ ನೆಪೋಲಿಯನ್ನನು ಸೆರೆಯಾಳಾಗಿ ಬಂದಿಳಿದದ್ದು ಅಲ್ಲಿಗೇ. 1806ರಲ್ಲಿ ಆತನು ಹಿಂದೆ ತನ್ನನ್ನು ನಿರಾಕರಿಸಿದ ಮನೆಯ ಕ್ಯಾಥರೀನಳನ್ನೇ ವಿವಾಹವಾದನು. ಆದರೆ ಆ ಸಂಸಾರವು ಸುಖಕರವಾಗಲಿಲ್ಲ. ಮರುವರ್ಷ ಐರ್ಲೆಂಡಿನ ಮುಖ್ಯ ಕಾರ್ಯದರ್ಶಿಯಾಗಿ ಹೋದಾಗ ಅಲ್ಲಿ ಆತನ ಮೇಲಧಿಕಾರಿಯಾಗಿದ್ದವನು ರಿಚ್ಮಂಡ್ ಪ್ರಭು. ಡಬ್ಲಿನಿನ ಪಂದ್ಯದಲ್ಲಿ ಆತನ ಪಕ್ಷವನ್ನು ಸೋಲಿಸಿದ ಚಾರ್ಲ್ಸ್ ಲೆನಕ್ಸನೇ ಈತನು.

1808ರಿಂದ 1814ರ ವರೆಗೆ ಪೋರ್ಚುಗಲ್, ಸ್ಪೇನ್ ದೇಶಗಳಲ್ಲಿ ಫ್ರೆಂಚರೊಡನೆ ಹೋರಾಡಿ ಆತನು ವೆಲಿಂಗ್ಟನ್ ಡ್ಯೂಕನಾದನು. 1815ನೆಯ ಜೂನ್ ತಿಂಗಳಲ್ಲಿ, ವಾಟರ್ಲೂವಿಗೆ ಕೆಲವೇ ದಿನಗಳ ಮುಂಚೆ, ಆತನು ರಿಚ್ಮಂಡನ ಮಗಳು ಜೇನಳನ್ನು ಎಂಗ್ಯಾನ್ ಎಂಬ ಊರಿಗೆ ಕ್ರಿಕೆಟ್ ಆಟವನ್ನು ನೋಡಲು ಕರೆದುಕೊಂಡು ಹೋದನು. 15ರ ರಾತ್ರಿ ಬ್ರಸೆಲ್ಸಿನಲ್ಲಿ ರಿಚ್ಮಂಡನ ಹೆಂಡತಿಯು ಏರ್ಪಡಿಸಿದ ಔತಣದಲ್ಲಿದ್ದ ಅಧಿಕಾರಿಗಳಲ್ಲಿ ಹಲವರು ಅಲ್ಲಿಂದಲೇ ರಣರಂಗಕ್ಕೆ ತೆರಳಿ ಹಿಂದಿರುಗಲಿಲ್ಲ. 18ರಂದು ವಾಟರ್ಲೂವಿನಲ್ಲಿ ಜಯವು ದೊರಕಿತು. ಮರುದಿನ ಬೆಳಗ್ಗೆ ವೈದ್ಯನು ಸತ್ತವರ ಹೆಸರುಗಳನ್ನು ಓದುತ್ತಿರಲು ಆ ಕಠಿನ ಪುರುಷನು ಕಣ್ಣೀರು ಸುರಿಸಿದನು.

ಬಳಿಕ ಆತನು 1828ರಿಂದ 1830ರ ವರೆಗೆ ಇಂಗ್ಲೆಂಡಿನ ಪ್ರಧಾನಮಂತ್ರಿಯಾಗಿದ್ದು, ಕಥೋಲಿಕರಿಗೆ ಪಾರ್ಲಿಮೆಂಟಿನ ಬಾಗಿಲನ್ನು ತೆರೆದ 1829ರ ಕಾನೂನನ್ನು ತನ್ನ ಪಕ್ಷದವರ ವಿರೋಧವನ್ನೂ ಲೆಕ್ಕಿಸದೆ ಜಾರಿಗೆ ತಂದನು. 1852ನೆಯ ಸಪ್ಟೆಂಬರ್ 14ರಂದು ಮೃತನಾಗಿ, ಲಂಡನಿನ ಸೇಂಟ್ ಪಾಲ್ ದೇವಾಲಯದಲ್ಲಿ ಸಮಾಧಿ ಹೊಂದಿದನು.

ವಿದ್ಯಾರ್ಥಿನಿಯರೇ, ಆತನ ಸಾಮ್ರಾಜ್ಯವು ಈಗ ಇಲ್ಲ. ಆತನು ಗೆದ್ದುಕೊಟ್ಟ ನಾಡು 1947ರಲ್ಲಿ ಸ್ವತಂತ್ರವಾಯಿತು. ಆಟದ ಬಯಲಿನಲ್ಲಿ ಆತನು ಗಳಿಸಿದ್ದು ಆರೇ ಓಟಗಳು. ಆದರೆ ಸೋತ ಮರುದಿನ ತಪ್ಪನ್ನು ತಿದ್ದಿಕೊಂಡುದು, ಗೆದ್ದ ಮರುದಿನ ತನ್ನವರನ್ನೇ ತಡೆದು ನಿಲ್ಲಿಸಿದುದು, ಹಗೆಯ ಮಗುವಿಗೆ ಅನ್ನವಿಟ್ಟುದು, ಇವು ಯಾವ ರಾಜ್ಯದೊಂದಿಗೂ ಅಳಿದುಹೋಗುವಂಥವುಗಳಲ್ಲ.